ತೀರ್ಥಹಳ್ಳಿಯಿಂದ ಶಿವಮೊಗ್ಗಕ್ಕೆ ಮನೆ ಬದಲಾಯಿಸಿದ್ದೇವೆ, ವಿಳಾಸ ಯಾವಾಗ ಬದಲಾಯಿಸಬೇಕು?

ತೀರ್ಥಹಳ್ಳಿ ಕಡೆಯ ಹಳ್ಳಿಯಿಂದ ಶಿವಮೊಗ್ಗದ ವಿನೋಬನಗರಕ್ಕೆ ಬಾಡಿಗೆ ಮನೆಗೆ ಬಂದಿದ್ದೀರಿ. ಊರಲ್ಲಿ ಅಪ್ಪ, ಅಮ್ಮ, ತೋಟ ಎಲ್ಲ ಇದೆ. ಆಧಾರ್‌ನಿಂದ ಹಿಡಿದು ಎಲ್ಲವನ್ನೂ ಈಗಲೇ ಬದಲಾಯಿಸಬೇಕಾ, ಒಂದು ವರ್ಷ ನೋಡಿ ಮಾಡಿದರೆ ನಡೆಯುತ್ತಾ ಅಂತ ಕೇಳಿದ್ದೀರಿ.

ಎಲ್ಲದಕ್ಕೂ ಒಂದೇ ಗಡುವು ಇಲ್ಲ. ಹಾಗಾಗಿ ಒಂದೇ ದಿನ ಓಡಾಡುವುದೂ ಬೇಡ, ವರ್ಷ ಕಾಯುವುದೂ ಬೇಡ. ಯಾವುದರ ಕಾಗದ ಅಂಚೆಯಲ್ಲಿ ಬರುತ್ತೆ, ಯಾವುದಕ್ಕೆ ಕಾನೂನಿನ ದಿನಾಂಕ ಇದೆ ಅಂತ ನೋಡಿ. ನಾನೂ ಹೊಸನಗರದ ಕಡೆಯಿಂದ ಇಲ್ಲಿಗೆ ಬಂದವನೇ. ಹೀಗೆ ಬಂದ ನೆಂಟರಿಷ್ಟರಿಗೆಲ್ಲ ನಾನು ಹೇಳುವುದು ಇದನ್ನೇ.

ಮೊದಲು ಬ್ಯಾಂಕ್. ಎಟಿಎಂ ಕಾರ್ಡು, ಚೆಕ್ ಪುಸ್ತಕ ಹಳೇ ವಿಳಾಸಕ್ಕೆ ಹೋಗಿ, ಊರಿನ ಅಂಗಡಿಯಲ್ಲೋ ಹಾಲಿನ ಡೈರಿಯಲ್ಲೋ ಕೂತಿರುವುದು ಒಳ್ಳೇದಲ್ಲ. ಆಧಾರ್ ಬದಲಾಗದೆ ಬ್ಯಾಂಕಿನಲ್ಲಿ ಏನೂ ಆಗಲ್ಲ ಅಂತ ತುಂಬಾ ಜನ ನಂಬಿದ್ದಾರೆ. ರಿಸರ್ವ್ ಬ್ಯಾಂಕಿನ ಕೆವೈಸಿ ನಿಯಮದ ಪ್ರಕಾರ, ವಿಳಾಸ ಮಾತ್ರ ಬದಲಾಗಿದ್ದರೆ ನೀವೇ ಬರೆದುಕೊಡುವ ಘೋಷಣೆ ಸಾಕು. ಬ್ಯಾಂಕಿನವರು ಎರಡು ತಿಂಗಳೊಳಗೆ ಹೊಸ ವಿಳಾಸಕ್ಕೆ ಪತ್ರ ಕಳಿಸಿಯೋ ಬೇರೆ ರೀತಿಯಲ್ಲೋ ಖಚಿತ ಮಾಡಿಕೊಳ್ಳಬೇಕು. ಕೌಂಟರಿನಲ್ಲಿ ಇಲ್ಲ ಅಂದರೆ ಮ್ಯಾನೇಜರ್ ಹತ್ತಿರ ಈ ನಿಯಮದ ಹೆಸರು ಹೇಳಿ ಕೇಳಿ.

ಸ್ಕೂಟರ್, ಕಾರು ಇದ್ದರೆ ಇದಕ್ಕೆ ನಿಜವಾದ ಗಡುವು ಇದೆ. ಮೋಟಾರು ವಾಹನ ಕಾಯ್ದೆಯ 49ನೇ ಸೆಕ್ಷನ್ ಪ್ರಕಾರ ಮಾಲೀಕರ ವಾಸ ಬದಲಾದ 30 ದಿನದೊಳಗೆ ಆರ್‌ಟಿಓಗೆ ತಿಳಿಸಬೇಕು. ನಂಬರ್ ಪ್ಲೇಟ್ ಬದಲಾಗುವುದಿಲ್ಲ, ಆರ್‌ಸಿಯ ವಿಳಾಸ ಮಾತ್ರ. ಯಾರೂ ಮಾಡಲ್ಲ ಬಿಡಿ ಅನ್ನುವವರು ಸಿಗುತ್ತಾರೆ. ದಂಡದ ನೋಟಿಸು ಊರಿಗೆ ಹೋಗಿ ಅಪ್ಪ ಗಾಬರಿಯಾಗುವುದು ಬೇಡ ಅಲ್ವಾ?

ಇನ್ನು ಆಧಾರ್. ಕರಾರು ಪತ್ರ ಕೈಗೆ ಬಂದ ಮೇಲೆ, ಈ ಮನೆಯಲ್ಲಿ ವರ್ಷವಾದರೂ ಇರ್ತೀವಿ ಅನ್ನಿಸಿದರೆ ಮಾಡಿಸಿ. ಕರೆಂಟ್ ಬಿಲ್ ಮನೆ ಓನರ್ ಹೆಸರಲ್ಲಿರುತ್ತೆ, ಅದು ನಿಮಗೆ ದಾಖಲೆಯಾಗಲ್ಲ. ಕರಾರು ಯಾರ ಹೆಸರಲ್ಲಿದೆಯೋ ಅವರದ್ದು ಮೊದಲು ಆಗಲಿ. ಉಳಿದವರು ಕುಟುಂಬದ ಮುಖ್ಯಸ್ಥರ ಆಧಾರ್ ಆಧಾರದ ಮೇಲೆ ಆನ್‌ಲೈನಿನಲ್ಲೇ ಬದಲಾಯಿಸಿಕೊಳ್ಳಬಹುದು. 2023ರಿಂದ ಈ ಸೌಲಭ್ಯ ಇದೆ. ಮುಖ್ಯಸ್ಥರು 30 ದಿನದೊಳಗೆ ಒಪ್ಪಿಗೆ ಕೊಡಬೇಕು, ಇಲ್ಲದಿದ್ದರೆ ಅರ್ಜಿ ಬಿದ್ದುಹೋಗುತ್ತೆ. ಪಿನ್‌ಕೋಡ್ ನೋಡಿ ಬರೆಯಿರಿ. ಶಿವಮೊಗ್ಗ ಅಂದ ಕೂಡಲೇ 577201 ಹಾಕುವ ಅಭ್ಯಾಸ ಎಲ್ಲರಿಗೂ ಇದೆ, ವಿನೋಬನಗರದ್ದು 577204.

ವೋಟಿನ ವಿಷಯ ಸ್ವಲ್ಪ ಸೂಕ್ಷ್ಮ. ನಮ್ಮ ಕಡೆಯವರಿಗೆ ಊರಿನ ಪಂಚಾಯಿತಿ ಚುನಾವಣೆ ಬಿಡಲು ಮನಸ್ಸಾಗಲ್ಲ. ಆದರೆ ಕಾನೂನು ನೋಡುವುದು ನೀವು ಸಾಮಾನ್ಯವಾಗಿ ಎಲ್ಲಿ ವಾಸ ಮಾಡ್ತೀರಿ ಅಂತ. ಊರಲ್ಲಿ ಮನೆ, ತೋಟ ಇದೆ ಅನ್ನುವುದು ಅದಕ್ಕೆ ಸಾಲದು. ಎರಡೂ ಕಡೆ ಹೆಸರು ಇಟ್ಟುಕೊಳ್ಳುವುದಂತೂ ತಪ್ಪು, ಸುಳ್ಳು ಘೋಷಣೆ ಕೊಟ್ಟರೆ ಒಂದು ವರ್ಷದವರೆಗೆ ಜೈಲು ಶಿಕ್ಷೆಗೂ ಅವಕಾಶ ಇದೆ. ಇಲ್ಲೇ ನೆಲೆ ನಿಂತಿರಿ ಅಂದಾಗ, ಮತದಾರರ ಪಟ್ಟಿಯಲ್ಲಿ ವಿಳಾಸ ಬದಲಾಯಿಸುವ ಅರ್ಜಿಯಾದ ಫಾರ್ಮ್ 8 ಕೊಡಿ. ತೀರ್ಥಹಳ್ಳಿ ಕ್ಷೇತ್ರದಿಂದ ಶಿವಮೊಗ್ಗ ಕ್ಷೇತ್ರಕ್ಕೆ ಬರಲೂ ಈಗ ಅದೇ ಫಾರ್ಮ್. ಚುನಾವಣೆ ಘೋಷಣೆಯಾಗಲಿ ಅಂತ ಕಾಯಬೇಡಿ. ನಾಮಪತ್ರದ ಕೊನೆಯ ದಿನ ಕಳೆದರೆ ಆ ಚುನಾವಣೆಗೆ ಪಟ್ಟಿ ಮುಚ್ಚಿದ ಹಾಗೆ.

ರೇಷನ್ ಕಾರ್ಡಿಗೆ ಅವಸರವಿಲ್ಲ, ಇಲ್ಲಿನ ನ್ಯಾಯಬೆಲೆ ಅಂಗಡಿಯಲ್ಲೂ ಬೆರಳಚ್ಚು ಕೊಟ್ಟು ಪಡಿತರ ತಗೊಳ್ಳಬಹುದು. ಪಾಸ್‌ಪೋರ್ಟ್‌ನಲ್ಲಿ ವಿಳಾಸ ತಿದ್ದುವುದಿಲ್ಲ, ಹೊಸ ಪುಸ್ತಕವನ್ನೇ ಕೊಡುತ್ತಾರೆ. ಹಾಗಾಗಿ ಬಾಡಿಗೆ ಮನೆ ಖಾಯಂ ಆಗುವ ಮುಂಚೆ ಸುಮ್ನೆ ದುಡ್ಡು ಹಾಕಬೇಡಿ. ತೋಟದ ಪಹಣಿ, ಅಡಿಕೆ ಮಾರುವ ಸಂಘದ ಷೇರು ಇವಕ್ಕೆ ಕೈ ಹಾಕುವುದೇ ಬೇಡ. ಸಭೆಯ ನೋಟಿಸು ಊರಿಗೇ ಬರಲಿ, ಅಲ್ಲಿ ತಗೊಳ್ಳಲು ಅಪ್ಪ ಇದ್ದಾರಲ್ಲ.

ಉಚಿತ ಕರೆಂಟಿನ ಗೃಹಜ್ಯೋತಿ ಯೋಜನೆಯದ್ದನ್ನು ಜಾಸ್ತಿ ಜನ ಮರೆಯುತ್ತಾರೆ. ಊರಲ್ಲಿ ಅಥವಾ ಹಿಂದಿನ ಬಾಡಿಗೆ ಮನೆಯಲ್ಲಿ ನಿಮ್ಮ ಆಧಾರ್ ಮೀಟರಿನ ಆರ್‌ಆರ್ ನಂಬರಿಗೆ ಜೋಡಣೆಯಾಗಿದ್ದರೆ, ಮೊದಲು ಸೇವಾಸಿಂಧುವಿನಲ್ಲಿ ಡಿ-ಲಿಂಕ್ ಮಾಡಿ, ಆಮೇಲೆ ಹೊಸ ಮನೆಯ ನಂಬರಿಗೆ ಅರ್ಜಿ ಹಾಕಿ. ಊರಿನ ಮೀಟರ್ ನಿಮ್ಮ ಆಧಾರ್‌ನಲ್ಲಿದ್ದರೆ, ಡಿ-ಲಿಂಕ್ ಮಾಡಿದ ಕೂಡಲೇ ಅಪ್ಪನ ಆಧಾರ್ ಅಲ್ಲಿಗೆ ಜೋಡಿಸಿಬಿಡಿ. ತಡ ಮಾಡಿದರೆ ಊರಿನ ಮನೆಗೆ ಪೂರ್ತಿ ಬಿಲ್ ಬರುತ್ತೆ.