ಟ್ಯಾಸಿಟಸ್ ಬರೆದದ್ದನ್ನು ಎಷ್ಟರ ಮಟ್ಟಿಗೆ ನಂಬಬಹುದು?

ರೋಮಿನ ಇತಿಹಾಸಕಾರರು ಚಕ್ರವರ್ತಿಗಳ ಮೇಲಿನ ದ್ವೇಷದಿಂದಲೋ ಓಲೈಕೆಯಿಂದಲೋ ಬರೆದವರಲ್ಲವೇ, ಅವರನ್ನು ನಂಬುವುದು ಹೇಗೆ, ಇಂದು ಓದಬೇಕಾದರೂ ಏಕೆ, ಅವರ ಪ್ರಭಾವವೇನು ಎಂದು ಕೇಳಿದ್ದೀರಿ. ಎಲ್ಲರ ಬಗ್ಗೆ ಹೇಳುವಷ್ಟು ಓದು ನನ್ನದಲ್ಲ. ಹಲವು ವರ್ಷಗಳಿಂದ ಬಿಡದೆ ಓದುತ್ತಿರುವ ಟ್ಯಾಸಿಟಸ್‌ನೊಬ್ಬನ ಬಗ್ಗೆ ಹೇಳುತ್ತೇನೆ.

ನಾನು ಅವನ ಬಳಿಗೆ ಬಂದದ್ದು ಕನ್ನಡ ಶಾಸನಗಳ ದಾರಿಯಿಂದ. ಶಾಸನ ಓದುವವರಿಗೆ ಒಂದು ಅಭ್ಯಾಸ ತಾನಾಗಿಯೇ ಬರುತ್ತದೆ. ಬಿರುದಾವಳಿಯನ್ನು ದಾಟಿ, ದಾನ ಕೊಟ್ಟವರು ಯಾರು, ಪಡೆದವರು ಯಾರು, ಸಾಕ್ಷಿ ಯಾರು ಎಂದು ನೋಡುತ್ತೇವೆ. ರೋಮಿನಲ್ಲೂ ಶಾಸನಗಳಿವೆ. ಟ್ಯಾಸಿಟಸ್ ವರ್ಣಿಸಿದ ಎರಡು ಘಟನೆಗಳ ಅಧಿಕೃತ ದಾಖಲೆಗಳು ಕಂಚಿನ ಹಲಗೆಗಳ ಮೇಲೆ ಉಳಿದು ಬಂದಿರುವುದು ನಮ್ಮ ಭಾಗ್ಯ. ನಿಮ್ಮ ಪ್ರಶ್ನೆಗೆ ಅವುಗಳಿಗಿಂತ ಒಳ್ಳೆಯ ಒರೆಗಲ್ಲು ನನಗೆ ಗೊತ್ತಿಲ್ಲ.

ಮೊದಲನೆಯದು 1528ರಲ್ಲಿ ಫ್ರಾನ್ಸಿನ ಲಿಯೋನ್‌ನಲ್ಲಿ ಸಿಕ್ಕಿತು. ಗಾಲ್ (ಇಂದಿನ ಫ್ರಾನ್ಸಿನ ಸೀಮೆ) ಪ್ರಾಂತದ ಮುಖಂಡರಿಗೆ ರೋಮಿನ ಗಣ್ಯರ ಸಭೆಯಾದ ಸೆನೆಟ್‌ನಲ್ಲಿ ಸ್ಥಾನ ಕೊಡಬೇಕೆಂದು ಕ್ರಿ.ಶ. 48ರಲ್ಲಿ ಚಕ್ರವರ್ತಿ ಕ್ಲಾಡಿಯಸ್ ಮಾಡಿದ ಭಾಷಣ ಅದರಲ್ಲಿದೆ. ಅವನು ಹಳೆಯ ರಾಜರ ಕಥೆ ಎತ್ತಿಕೊಂಡು, ರೋಮಿನ ನೆರೆಯ ಪ್ರಾಚೀನ ಎಟ್ರಸ್ಕನ್ ಜನರ ಆಕರಗಳವರೆಗೆ ಅಲೆದು, ನಡುವೆ ತನ್ನನ್ನು ತಾನೇ ಹೆಸರು ಹಿಡಿದು ಕರೆದು, ‘ನಿನ್ನ ಮಾತು ಎಲ್ಲಿಗೆ ಹೊರಟಿದೆ ಎಂದು ಸೆನೆಟರುಗಳಿಗೆ ತಿಳಿಸುವ ಹೊತ್ತಾಯಿತು’ ಎನ್ನುತ್ತಾನೆ. ಟ್ಯಾಸಿಟಸ್ ತನ್ನ ‘ಆನಲ್ಸ್’ ಕೃತಿಯ ಹನ್ನೊಂದನೆಯ ಪುಸ್ತಕದಲ್ಲಿ ಈ ಅಲೆದಾಟವನ್ನೆಲ್ಲ ಕತ್ತರಿಸಿದ್ದಾನೆ. ವಾದದ ತಿರುಳನ್ನು ಇಟ್ಟುಕೊಂಡು ಭಾಷಣವನ್ನು ತನ್ನ ಮಾತಿನಲ್ಲಿ ಹೊಸದಾಗಿ ಕಟ್ಟಿದ್ದಾನೆ. ಇಂದಿನ ಲೆಕ್ಕದಲ್ಲಿ ಇದು ತಪ್ಪು. ಆದರೆ ಭಾಷಣಗಳನ್ನು ಹೀಗೆ ಮರಳಿ ಬರೆಯುವುದು ಅಂದಿನ ಇತಿಹಾಸಕಾರರೆಲ್ಲರ ರೂಢಿ. ಕ್ಲಾಡಿಯಸ್‌ನ ನಿಲುವನ್ನು ಅವನು ತಿರುಚಿಲ್ಲ.

ಎರಡನೆಯದನ್ನು ಓದಿದ ದಿನ ನನಗೆ ರಾತ್ರಿ ನಿದ್ದೆ ಬರಲಿಲ್ಲ. ಕ್ರಿ.ಶ. 19ರಲ್ಲಿ ಚಕ್ರವರ್ತಿ ಟೈಬೀರಿಯಸ್‌ನ ದತ್ತುಪುತ್ರ ಜರ್ಮಾನಿಕಸ್ ಸಿರಿಯಾದಲ್ಲಿ ತೀರಿಕೊಂಡ. ಅಲ್ಲಿನ ರಾಜ್ಯಪಾಲ ಪೀಸೊ ಮತ್ತು ಅವನ ಹೆಂಡತಿ ಪ್ಲಾಂಕಿನಾ ವಿಷವಿಟ್ಟರೆಂದು ಜನ ಕೂಗಿದರು. ವಿಚಾರಣೆಯ ನಡುವೆಯೇ ಪೀಸೊ ಸತ್ತ. ಟ್ಯಾಸಿಟಸ್ ಇದನ್ನು ಬರೆದದ್ದು ಸುಮಾರು ಒಂದು ಶತಮಾನದ ನಂತರ. ಅವನು ಟೈಬೀರಿಯಸ್‌ನ ಮೇಲೆ ಕರಿನೆರಳು ಚೆಲ್ಲಿದ್ದಾನೆಂದು ಬಹಳ ಮಂದಿ ವಿದ್ವಾಂಸರು ದೂರಿದ್ದರು. ಆಮೇಲೆ ಸ್ಪೇನಿನ ಆಂಡಲೂಸಿಯಾದಲ್ಲಿ ಆ ಮೊಕದ್ದಮೆಯ ಬಗ್ಗೆ ಸೆನೆಟ್ ಮಾಡಿದ ನಿರ್ಣಯವೇ ಕಂಚಿನ ಹಲಗೆಗಳಲ್ಲಿ ಸಿಕ್ಕಿತು. ಜರ್ಮನ್ ಇತಿಹಾಸಕಾರ ವರ್ನರ್ ಎಕ್ ಮತ್ತು ಇಬ್ಬರು ಸ್ಪ್ಯಾನಿಷ್ ವಿದ್ವಾಂಸರು ಅದನ್ನು 1996ರಲ್ಲಿ ಪ್ರಕಟಿಸಿದರು.

ಪ್ಲಾಂಕಿನಾಳ ಪ್ರಸಂಗವೊಂದನ್ನೇ ನೋಡಿ. ಅವಳ ಮೇಲಿನ ಆರೋಪಗಳು ಅನೇಕ ಮತ್ತು ಗುರುತರ ಎಂದು ನಿರ್ಣಯವೇ ಒಪ್ಪುತ್ತದೆ. ಆದರೂ ಶಿಕ್ಷೆಯನ್ನು ಬಿಟ್ಟುಕೊಡುತ್ತದೆ, ಏಕೆಂದರೆ ಚಕ್ರವರ್ತಿಯ ತಾಯಿ ಲಿವಿಯಾ ಬೇಡಿಕೊಂಡಿದ್ದಾಳೆ. ಲಿವಿಯಾ ಎಲ್ಲ ಅಂತಸ್ತಿನವರಿಗೂ ಉಪಕಾರ ಮಾಡಿದವಳು, ಸೆನೆಟ್‌ನಲ್ಲಿ ಅವಳ ಮಾತಿಗೆ ಎಷ್ಟು ಬೆಲೆಯಿದ್ದರೂ ಅದನ್ನು ಅತಿ ಮಿತವಾಗಿ ಬಳಸಿದವಳು ಎಂಬ ಹೊಗಳಿಕೆ ಬೇರೆ. ಈಗ ‘ಆನಲ್ಸ್’ನ ಮೂರನೆಯ ಪುಸ್ತಕ ತೆರೆಯಿರಿ. ಸಂಗತಿ ಅದೇ: ಲಿವಿಯಾಳ ಬೇಡಿಕೆ, ಪ್ಲಾಂಕಿನಾಳ ಬಿಡುಗಡೆ. ಆದರೆ ಅಲ್ಲಿ ಟೈಬೀರಿಯಸ್ ನಾಚಿಕೆಯಿಂದ, ತಾಯಿಯ ಮಾತನ್ನು ಮುಂದೊಡ್ಡಿ ಮಾತನಾಡುತ್ತಾನೆ. ಮೊಮ್ಮಗನನ್ನು ಕೊಂದವಳ ಮುಖವನ್ನು ಅಜ್ಜಿ ನೋಡುವುದೇ, ಅವಳೊಡನೆ ಮಾತನಾಡುವುದೇ, ಅವಳನ್ನು ಸೆನೆಟ್‌ನ ಕೈಯಿಂದ ತಪ್ಪಿಸುವುದೇ ಎಂದು ಸಜ್ಜನರು ಗುಟ್ಟಾಗಿ ಕುದಿಯುತ್ತಾರೆ.

ಸೆನೆಟ್ ತನ್ನ ಆ ಹೊಗಳಿಕೆಯನ್ನು ಪ್ರತಿ ಪ್ರಾಂತದ ಜನನಿಬಿಡ ನಗರದಲ್ಲಿ, ಪ್ರತಿ ಸೇನೆಯ ಚಳಿಗಾಲದ ಪಾಳೆಯದಲ್ಲಿ ಕಂಚಿನಲ್ಲಿ ಕೊರೆದು ನಿಲ್ಲಿಸಬೇಕೆಂದು ಆಜ್ಞೆ ಮಾಡಿತ್ತು. ಗುಟ್ಟಾಗಿ ಕುದಿದವರ ಮಾತನ್ನು ಕೊರೆದಿಡುವವರು ಯಾರು? ಅದನ್ನು ಉಳಿಸಿದವನು ಟ್ಯಾಸಿಟಸ್. ದಿನಾಂಕದ ವಿಷಯದಲ್ಲಿ ಅವನ ಮೇಲೆ ಅನುಮಾನವಿದೆ: ಅವನ ಕಥನಕ್ರಮದಂತೆ ವಿಚಾರಣೆ ಮೇ ತಿಂಗಳ ಹೊತ್ತಿಗೆ ಮುಗಿದಂತೆ ಕಾಣುತ್ತದೆ, ನಿರ್ಣಯದ ದಿನಾಂಕವೋ ಡಿಸೆಂಬರ್ 10. ವಿದ್ವಾಂಸರು ಇದರ ಮೇಲೆ ಸಾಕಷ್ಟು ವಾದ ಮಾಡಿದ್ದಾರೆ. ಅಂಥ ಕಡೆ ನಾನು ಕಂಚಿನ ಮಾತನ್ನು ಕೇಳುತ್ತೇನೆ. ಅಧಿಕಾರದ ಮುಂದೆ ಮನುಷ್ಯರು ಹೇಗೆ ಬಾಗುತ್ತಾರೆ ಎಂಬುದಕ್ಕೆ ಟ್ಯಾಸಿಟಸ್‌ನ ಮಾತನ್ನು ಕೇಳುತ್ತೇನೆ. ಅವನು ಸ್ವತಃ ಸೆನೆಟರ್, ಕ್ರೂರ ಚಕ್ರವರ್ತಿ ಡೊಮಿಷಿಯನ್‌ನ ಕಾಲದಲ್ಲಿ ಬಾಯಿ ಮುಚ್ಚಿ ಬದುಕಿದವನು. ‘ನಮ್ಮ ಕೈಗಳೇ ಹೆಲ್ವಿಡಿಯಸ್‌ನನ್ನು ಸೆರೆಮನೆಗೆ ಎಳೆದೊಯ್ದವು’ ಎಂದು ತನ್ನ ಮಾವನ ಜೀವನಚರಿತ್ರೆಯಾದ ‘ಅಗ್ರಿಕೋಲಾ’ದಲ್ಲಿ ಬರೆದುಕೊಂಡಿದ್ದಾನೆ. ಹೆಲ್ವಿಡಿಯಸ್ ಆ ಚಕ್ರವರ್ತಿಗೆ ಬಲಿಯಾದ ಸೆನೆಟರ್. ‘ನಮ್ಮ’ ಎಂಬ ಆ ಪದಕ್ಕಾಗಿ ಅವನ ಉಳಿದ ನೂರು ತಪ್ಪುಗಳನ್ನು ನಾನು ಸಹಿಸಿಕೊಳ್ಳಬಲ್ಲೆ.

ಪ್ರಭಾವದ ಬಗ್ಗೆಯೂ ಕೇಳಿದ್ದೀರಿ. ‘ಆನಲ್ಸ್’ನ ಮೊದಲ ಆರು ಪುಸ್ತಕಗಳಲ್ಲಿ ಉಳಿದಿರುವುದೆಲ್ಲ ಒಂಬತ್ತನೆಯ ಶತಮಾನದ ಒಂದೇ ಒಂದು ಹಸ್ತಪ್ರತಿಯಿಂದ ಬಂದದ್ದು. ಅದೀಗ ಫ್ಲಾರೆನ್ಸಿನ ಲಾರೆನ್ಷಿಯನ್ ಗ್ರಂಥಾಲಯದಲ್ಲಿದೆ. ಅಂಥ ತೆಳು ದಾರದಲ್ಲಿ ತೂಗಿ ಬಂದ ಬರಹವನ್ನು ಒಳ್ಳೆಯವರೂ ಕೆಟ್ಟವರೂ ಎಳೆದಾಡಿದ್ದಾರೆ. ಇತಿಹಾಸಕಾರ ರೊನಾಲ್ಡ್ ಸೈಮ್ ಟ್ಯಾಸಿಟಸ್‌ನ ಕಣ್ಣಿನಿಂದಲೇ ರೋಮಿನ ಮೊದಲ ಚಕ್ರವರ್ತಿ ಆಗಸ್ಟಸ್‌ನನ್ನು ನೋಡಿ 1939ರಲ್ಲಿ ‘ದ ರೋಮನ್ ರೆವಲ್ಯೂಷನ್’ ಪ್ರಕಟಿಸಿದರು. ಇಟಲಿಯ ಸರ್ವಾಧಿಕಾರಿ ಮುಸೊಲಿನಿ ಆಗಸ್ಟಸ್‌ನನ್ನು ಮೆರೆಸುತ್ತಿದ್ದ ಕಾಲ ಅದು. ಇತ್ತ ಪ್ರಾಚೀನ ಜರ್ಮನ್ ಬುಡಕಟ್ಟುಗಳ ಬಗೆಗಿನ ‘ಜರ್ಮಾನಿಯಾ’ ಎಂಬ ಟ್ಯಾಸಿಟಸ್‌ನದೇ ಪುಟ್ಟ ಪುಸ್ತಕವನ್ನು ನಾಜಿಗಳು ತಮ್ಮ ರಕ್ತಶುದ್ಧಿಯ ಗ್ರಂಥವಾಗಿಸಿಕೊಂಡರು. ಅದರ ಹಸ್ತಪ್ರತಿಗಾಗಿ 1943ರಲ್ಲಿ ಹಿಮ್ಲರ್‌ನ ಪಡೆ ಇಟಲಿಯ ಬಂಗಲೆಯೊಂದನ್ನು ಜಾಲಾಡಿ ಬರಿಗೈಯಲ್ಲಿ ಮರಳಿತು.

ನಮ್ಮ ನೆಲಕ್ಕೂ ಟ್ಯಾಸಿಟಸ್‌ನ ಪುಟವೊಂದು ತಾಗುತ್ತದೆ. ಹೆಂಗಸರ ರತ್ನಗಳಿಗಾಗಿ ನಮ್ಮ ಹಣ ಪರದೇಶಗಳಿಗೆ ಹರಿದುಹೋಗುತ್ತಿದೆ ಎಂದು ಟೈಬೀರಿಯಸ್ ಕ್ರಿ.ಶ. 22ರಲ್ಲಿ ಸೆನೆಟ್‌ಗೆ ಬರೆದ ಪತ್ರವನ್ನು ಅವನು ಕೊಟ್ಟಿದ್ದಾನೆ. ಅದೇ ಟೈಬೀರಿಯಸ್‌ನ ಬೆಳ್ಳಿಯ ನಾಣ್ಯಗಳು ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಸಿಕ್ಕಿವೆ.

ಓದುವುದಾದರೆ ಮೊದಲ ಪುಟದಿಂದ ಶುರುಮಾಡಬೇಡಿ. ಮೂರನೆಯ ಪುಸ್ತಕದ ಮೊದಲ ಹತ್ತೊಂಬತ್ತು ಅಧ್ಯಾಯಗಳನ್ನು ಓದಿ, ಪಕ್ಕದಲ್ಲಿ ಸೆನೆಟ್ ನಿರ್ಣಯದ ಅನುವಾದವನ್ನು ಇಟ್ಟುಕೊಳ್ಳಿ. ಆಮೇಲೆ ಆರನೆಯ ಪುಸ್ತಕದಲ್ಲಿ ಕ್ರಿ.ಶ. 33ರ ಘಟನೆಗಳನ್ನು ಹುಡುಕಿ. ಅಷ್ಟರಲ್ಲಿ ಲಿವಿಯಾ ತೀರಿಕೊಂಡು ನಾಲ್ಕು ವರ್ಷವಾಗಿರುತ್ತದೆ. ಕಾಯುವವರಿಲ್ಲದ ಪ್ಲಾಂಕಿನಾ, ಎಲ್ಲರಿಗೂ ಗೊತ್ತಿದ್ದ ಅದೇ ಹಳೆಯ ಆರೋಪಗಳು ಮತ್ತೆ ಎದ್ದಾಗ, ತನ್ನ ಕೈಯಿಂದಲೇ ಪ್ರಾಣ ಬಿಡುತ್ತಾಳೆ.