ಗುವಾಂಗ್‌ಝೌನಲ್ಲಿ ಒಂದು ಹಗಲು ಸಿಕ್ಕಿದೆ, ಹೊರಗೆ ಹೋಗೋಣವೇ?

ಪ್ರಶ್ನೆ: ನಾನು, ನಮ್ಮ ಯಜಮಾನರು ಮಗಳ ಬಾಣಂತನಕ್ಕೆ ಮೆಲ್ಬೋರ್ನ್‌ಗೆ ಹೊರಟಿದ್ದೇವೆ. ದೆಹಲಿಯಿಂದ ಹೋಗಿ ಚೀನಾದ ಗುವಾಂಗ್‌ಝೌನಲ್ಲಿ ವಿಮಾನ ಬದಲಿಸಬೇಕು. ಬೆಳಿಗ್ಗೆ 6ಕ್ಕೆ ಇಳಿದರೆ ಮುಂದಿನ ವಿಮಾನ ರಾತ್ರಿ 9ಕ್ಕೆ. ತಮ್ಮನ ಮಗ ಒಂದು ಟೂರ್ ಹುಡುಕಿದ್ದಾನೆ. ಗೈಡ್ ಬಂದು ಕರೆದುಕೊಂಡು ಹೋಗಿ, ಒಂಬತ್ತು ಜಾಗ ತೋರಿಸಿ, ಅಲ್ಲಿನ ತಿಂಡಿ ತಿನ್ನಿಸಿ, ವಾಪಸ್ ಬಿಡುತ್ತಾರಂತೆ. ಮಗಳು ಮಾತ್ರ ಬೇಡವೇ ಬೇಡ, ಕೂತಲ್ಲೇ ಕೂತಿರಿ ಅನ್ನುತ್ತಾಳೆ. ವೀಸಾ ಇಲ್ಲದೆ ಹೊರಗೆ ಬಿಡುತ್ತಾರಾ? ನಾವು ಮೊಟ್ಟೆನೂ ಮುಟ್ಟದವರು, ತಿನ್ನೋಕೆ ಏನಾದ್ರೂ ಸಿಗುತ್ತಾ?
— ಒಬ್ಬ ಓದುಗರು, ವಿದ್ಯಾನಗರ, ದಾವಣಗೆರೆ

ಉತ್ತರ: ಹೋಗಿ ಬನ್ನಿ ಅಕ್ಕಾ. ಹದಿನೈದು ಗಂಟೆ ಕುರ್ಚಿಯಲ್ಲಿ ಕೂತು ಸೊಂಟ ಹಿಡಿಸಿಕೊಂಡು ಮಗಳ ಮನೆ ಸೇರುವುದಕ್ಕಿಂತ ಊರೊಳಗೆ ನಾಲ್ಕು ಹೆಜ್ಜೆ ಓಡಾಡಿ ಹೋಗುವುದು ಮೈಗೂ ಒಳ್ಳೆಯದು. ಆದರೆ ತಮ್ಮನ ಮಗ ಹುಡುಕಿದ ಟೂರ್ ಬೇಡ. ಒಂಬತ್ತು ಜಾಗ ಜಾಸ್ತಿ ಆಯಿತು. ಮೂರು ಸಾಕು.

ಮೊದಲು ವೀಸಾ. ಚೀನಾದ ಹೆಚ್ಚಿನ ದೊಡ್ಡ ವಿಮಾನ ನಿಲ್ದಾಣಗಳಲ್ಲಿ 24 ಗಂಟೆಯ ಒಳಗೆ ಮೂರನೇ ದೇಶಕ್ಕೆ ಹೋಗುವವರಿಗೆ ವೀಸಾ ಬೇಡ, ಭಾರತೀಯರಿಗೂ ಈ ಸೌಲಭ್ಯ ಇದೆ. ನೀವು ಭಾರತದಿಂದ ಬಂದು ಆಸ್ಟ್ರೇಲಿಯಾಕ್ಕೆ ಹೋಗುವವರು, ಲೆಕ್ಕ ಸರಿಯಾಗಿದೆ. ಯೂಟ್ಯೂಬಿನಲ್ಲಿ 240 ಗಂಟೆ, ಹತ್ತು ದಿನ ಅಂತ ಹೇಳುತ್ತಾರಲ್ಲ, ಅದು ಬೇರೆ. ಆ ಪಟ್ಟಿಯಲ್ಲಿ ನಮ್ಮ ದೇಶ ಇಲ್ಲ. ಅದನ್ನು ನಂಬಿಕೊಂಡು ಹೋಗುವಾಗ ಒಂದು ದಿನ, ಬರುವಾಗ ಮೂರು ದಿನ ಅಂತ ಟಿಕೆಟ್ ಮಾಡಿಸಬೇಡಿ. ಮುಂದಿನ ಟಿಕೆಟ್ ಕಾಗದದ ಮೇಲೆ ಪ್ರಿಂಟ್ ಆಗಿರಲಿ. ಹೊರಗೆ ಬಿಡುವುದು ಕೊನೆಗೆ ಅಲ್ಲಿ ಕೂತ ಇಮಿಗ್ರೇಶನ್ ಅಧಿಕಾರಿಯ ಕೈಯಲ್ಲಿರುತ್ತದೆ. ಅದಕ್ಕೇ ಟೂರಿಗೆ ದುಡ್ಡು ಕಟ್ಟುವಾಗ, ಹೊರಗೆ ಬಿಡದಿದ್ದರೆ ವಾಪಸ್ ಕೊಡುತ್ತೀರಾ ಅಂತ ಬರವಣಿಗೆಯಲ್ಲಿ ಕೇಳಿ. ದೆಹಲಿಯಲ್ಲಿ ಸೂಟ್‌ಕೇಸ್ ಕೊಡುವಾಗ ಅದು ಸೀದಾ ಮೆಲ್ಬೋರ್ನ್‌ವರೆಗೆ ಹೋಗುತ್ತದೆಯೇ ಅಂತ ಟ್ಯಾಗ್ ನೋಡಿ. ಎರಡು ಟಿಕೆಟ್ ಬೇರೆ ಬೇರೆ ಮಾಡಿಸಿದ್ದರೆ ಆ ಅಂಟಿನುಂಡೆ, ಖಾರದಪುಡಿ ಎಲ್ಲ ಹೊತ್ತುಕೊಂಡು ಊರು ಸುತ್ತಬೇಕಾದೀತು.

ಈಗ ಗಂಟೆಗಳ ಲೆಕ್ಕ. 6ಕ್ಕೆ ಇಳಿದರೂ ಸಾಲಿನಲ್ಲಿ ನಿಂತು ಹೊರಬರುವಾಗ 8 ಆಗಬಹುದು. ಬೈಯುನ್ ವಿಮಾನ ನಿಲ್ದಾಣದಿಂದ ಊರಿನ ನಡುಭಾಗಕ್ಕೆ ಸುಮಾರು 28 ಕಿಲೋಮೀಟರ್, ಬೆಳಗಿನ ಟ್ರಾಫಿಕ್ಕಿನಲ್ಲಿ ಒಂದು ಗಂಟೆ ಅಂದುಕೊಳ್ಳಿ. ಸಂಜೆ 6ಕ್ಕೆ ಮತ್ತೆ ನಿಲ್ದಾಣದಲ್ಲಿ ಇರಲೇಬೇಕು. ಅಂದರೆ ಮಧ್ಯಾಹ್ನ 4ಕ್ಕೆ ಮುಗಿಸಿಬಿಡಿ, ಕೈಯಲ್ಲಿ ಒಂದು ಗಂಟೆ ಹೆಚ್ಚಿಗೆ ಇರಲಿ. ಉಳಿದದ್ದು ಏಳು ಗಂಟೆ. ಇದರಲ್ಲಿ ಒಂಬತ್ತು ಜಾಗ ಅಂದರೆ ಜಾಗ ನೋಡಿದಂತಲ್ಲ, ಕಾರಿನ ಬಾಗಿಲು ತೆಗೆದು ಹಾಕಿದಂತೆ. ಹಲವು ವರ್ಷದ ಹಿಂದೆ ಚೀನಾದ ಇನ್ನೊಂದು ಊರಲ್ಲಿ ನಾನೂ ಹೀಗೇ ಅರ್ಧ ದಿನದ ಟೂರ್ ತಗೊಂಡಿದ್ದೆ. ಪಟ್ಟಿಯಲ್ಲಿ ಏಳು ಜಾಗ ಇದ್ದವು. ಅದರಲ್ಲಿ ಒಂದು ರೇಷ್ಮೆ ಅಂಗಡಿ, ಇನ್ನೊಂದು ಚಹಾ ಅಂಗಡಿ ಅಂತ ಹೋದ ಮೇಲೇ ಗೊತ್ತಾಗಿದ್ದು. ಎರಡೂ ಕಡೆ ಮುಕ್ಕಾಲು ಗಂಟೆ ಕೂರಿಸಿದರು, ದೇವಸ್ಥಾನಕ್ಕೆ ಹತ್ತು ನಿಮಿಷ ಕೊಟ್ಟರು. ಇವತ್ತಿಗೂ ಬೇಜಾರಿದೆ ನನಗೆ. ಹಾಗಾಗಿ "ಯಾವ ಅಂಗಡಿಗೂ ಕರೆದುಕೊಂಡು ಹೋಗಬಾರದು" ಅಂತ ಮೊದಲೇ ಬರೆದು ಕಳಿಸಿ. ಒಳ್ಳೆಯ ಗೈಡ್ ಆದರೆ ಇದಕ್ಕೆ ಬೇಸರ ಮಾಡಿಕೊಳ್ಳುವುದಿಲ್ಲ.

ನಿಮ್ಮ ಮೂರು ಜಾಗ ಯಾವುವು ಅಂದರೆ, ಮೊದಲನೆಯದು ಬೆಳಗಿನ ಚಹಾ. ಅಲ್ಲಿ ಅದಕ್ಕೆ ಯಮ್ ಚಾ ಅನ್ನುತ್ತಾರೆ. ಹೆಸರಿಗೆ ಚಹಾ, ನಡೆಯುವುದು ತಿಂಡಿ ಮತ್ತು ಹರಟೆ. ವಯಸ್ಸಾದವರು ಪೇಪರ್ ಹಿಡಿದುಕೊಂಡು ಗಂಟೆಗಟ್ಟಲೆ ಕೂತಿರುತ್ತಾರೆ. ಕೂತ ಕೂಡಲೇ ಬಿಸಿ ಚಹಾ ಸುರಿದು ನಿಮ್ಮ ಬಟ್ಟಲು, ಕಪ್ಪು, ಕಡ್ಡಿ ಎಲ್ಲ ತೊಳೆದು ಆ ನೀರನ್ನು ಪಕ್ಕದ ಬೋಗುಣಿಗೆ ಚೆಲ್ಲುತ್ತಾರೆ. ಪಾತ್ರೆ ಒಮ್ಮೆ ತೊಳೆದೇ ಉಣ್ಣುವ ನಮ್ಮ ಮನೆಯ ಹೆಂಗಸರಿಗೆ ಇದು ತುಂಬ ಇಷ್ಟವಾಗುತ್ತದೆ ನೋಡಿ. ಯಾರಾದರೂ ನಿಮ್ಮ ಕಪ್ಪಿಗೆ ಚಹಾ ಹಾಕಿದರೆ ಎರಡು ಬೆರಳಿನಿಂದ ಮೇಜು ಮೆಲ್ಲಗೆ ಕುಟ್ಟಿ, ಅದೇ ಥ್ಯಾಂಕ್ಸ್. ಕೆಟಲ್ಲಿನಲ್ಲಿ ನೀರು ಮುಗಿದರೆ ಕೂಗುವುದು ಬೇಡ, ಮುಚ್ಚಳ ಓರೆಯಾಗಿ ಇಟ್ಟರೆ ಬಂದು ತುಂಬುತ್ತಾರೆ.

ಇಲ್ಲೇ ಗೈಡ್ ಬೇಕಾಗುವುದು. ನಮ್ಮ ಸಸ್ಯಾಹಾರ ಅವರಿಗೆ ಸುಲಭಕ್ಕೆ ಅರ್ಥವಾಗುವುದಿಲ್ಲ. "ಮಾಂಸ ಬೇಡ" ಅಂದರೆ ತುಂಡು ಹಾಕುವುದಿಲ್ಲ ಅಷ್ಟೇ. ಸೊಪ್ಪಿನ ಪಲ್ಯದ ಮೇಲೆ ಆಯ್ಸ್ಟರ್ ಸಾಸ್, ಅಂದರೆ ಸಮುದ್ರದ ಸಿಂಪಿಯ ಸಾಸ್ ಬಂದಿರುತ್ತದೆ, ಸಾರಿಗೆ ಕೋಳಿ ಪುಡಿ ಬಿದ್ದಿರುತ್ತದೆ. ಮೂಲಂಗಿ ಕೇಕ್ ಅಂತ ಒಂದು ತಿಂಡಿ ಇದೆ, ಹೆಸರು ಕೇಳಿ ಮೋಸ ಹೋಗಬೇಡಿ, ಒಳಗೆ ಒಣ ಸಿಗಡಿ, ಸಾಸೇಜ್ ಇರುತ್ತದೆ. "ಚೀ ಸು" ಅನ್ನುವ ಮಾತು ಕಲಿತುಕೊಳ್ಳಿ, ಸಸ್ಯಾಹಾರ ಉಣ್ಣುವವರು ಅಂತ ಅರ್ಥ. ಅದು ಬೌದ್ಧರ ವ್ರತದ ಮಾತಾದ್ದರಿಂದ ತೂಕ ಜಾಸ್ತಿ. ಅದರ ಜೊತೆಗೆ ಮೊಟ್ಟೆ, ಮೀನು, ಸಿಗಡಿ, ಹಂದಿ ಕೊಬ್ಬು, ಆಯ್ಸ್ಟರ್ ಸಾಸ್, ಮಾಂಸದ ಸಾರು ಯಾವುದೂ ಬೇಡ ಅಂತ ಗೈಡ್ ಕೈಯಲ್ಲಿ ಚೀನೀ ಅಕ್ಷರದಲ್ಲಿ ಬರೆಸಿ ಮೊಬೈಲಿನಲ್ಲಿ ಇಟ್ಟುಕೊಳ್ಳಿ. ಹೊರಡುವ ಮೊದಲೇ ಬರೆಸಿ, ಅಲ್ಲಿ ಹೋದ ಮೇಲಲ್ಲ.

ಹಾಗಾದರೆ ತಿನ್ನೋದೇನು ಅಂದ್ರಾ? ಜಾಯ್ ಚ್ಯಾಂಗ್ ಕೇಳಿ. ಅಕ್ಕಿ ಹಿಟ್ಟಿನ ತೆಳು ಸಂಪಣವನ್ನು ತಗಡಿನ ಡ್ರಾಯರಿಗೆ ಸುರಿದು ಹಬೆಗೆ ತಳ್ಳುತ್ತಾರೆ, ಎರಡೇ ನಿಮಿಷಕ್ಕೆ ಎಳೆದು ಸುರುಳಿ ಸುತ್ತಿ, ಕತ್ತರಿಸಿ, ಮೇಲೆ ಸೋಯಾ ಸಾಸ್ ಹಾಕಿ ಕೊಡುತ್ತಾರೆ. ನೀರುದೋಸೆಯನ್ನು ಹಂಚಿನ ಬದಲು ಹಬೆಯಲ್ಲಿ ಬೇಯಿಸಿದ ಹಾಗೆ. ಜಾಯ್ ಅಂದರೆ ಒಳಗೆ ಏನೂ ತುಂಬದ ಸಾದಾ ಸುರುಳಿ. ಬಿಳಿ ಅನ್ನದ ಗಂಜಿ ಇರುತ್ತದೆ, ಯಜಮಾನರ ಹೊಟ್ಟೆಗೆ ಅದು ಹಿತ.

ಆಮೇಲೆ ಒಂದು ತಿಂಡಿ ಮಾತ್ರ ಬಿಡಲೇಬೇಡಿ, ಶುಂಠಿ ಹಾಲು. ಗುವಾಂಗ್‌ಝೌ ಪಕ್ಕದ ಶಾವಾನ್ ಕಡೆಯದು. ಬಟ್ಟಲಿನ ತಳದಲ್ಲಿ ಎರಡು ಚಮಚ ಹಸಿ ಶುಂಠಿ ರಸ ಇರುತ್ತದೆ. ಸಕ್ಕರೆ ಹಾಕಿ ಕಾಯಿಸಿದ ಎಮ್ಮೆ ಹಾಲನ್ನು ಸ್ವಲ್ಪ ಆರಿಸಿ, ಮೇಲಿನಿಂದ ಒಂದೇ ಸಲಕ್ಕೆ ಸುರಿಯುತ್ತಾರೆ. ಕದಡುವ ಹಾಗಿಲ್ಲ. ಸುಮ್ನೆ ನೋಡುತ್ತಾ ಕೂರಿ, ಕೆಲವೇ ನಿಮಿಷದಲ್ಲಿ ಹಾಲು ನಡುಗುವಷ್ಟು ಗಟ್ಟಿಯಾಗಿ, ಚಮಚ ಇಟ್ಟರೆ ಮುಳುಗದೆ ನಿಲ್ಲುತ್ತದೆ. ಶುಂಠಿಯಲ್ಲಿರುವ ಒಂದು ಕಿಣ್ವ ಹಾಲನ್ನು ಹೆಪ್ಪುಗಟ್ಟಿಸುತ್ತದೆ, ಮೊಟ್ಟೆ ಬೇಕಿಲ್ಲ. ಬಾಯಿಗಿಟ್ಟರೆ ನಮ್ಮ ಗಿಣ್ಣು ನೆನಪಾಗುತ್ತದೆ, ಹಿಂದೆಯೇ ಗಂಟಲಲ್ಲಿ ಶುಂಠಿ ಚುರುಕ್ ಅನ್ನುತ್ತದೆ. ಅದರ ಪಕ್ಕದಲ್ಲೇ ಅದೇ ಬಣ್ಣದ "ಎರಡು ಕೆನೆ ಹಾಲು" ಅಂತ ಇಟ್ಟಿರುತ್ತಾರೆ, ಅದರಲ್ಲಿ ಮೊಟ್ಟೆಯ ಬಿಳಿ ಇದೆ, ನಿಮಗೆ ಬೇಡ.

ಎರಡನೆಯ ಜಾಗ ಚೆನ್ ಮನೆತನದ ಭವನ. 1894ರಲ್ಲಿ ಕಟ್ಟಿ ಮುಗಿದದ್ದು. ಗುವಾಂಗ್‌ಡಾಂಗ್ ಪ್ರಾಂತ್ಯದ ಊರೂರಿನ ಚೆನ್ ಹೆಸರಿನ ಮನೆತನಗಳೆಲ್ಲ ಸೇರಿ ದುಡ್ಡು ಹಾಕಿ ಕಟ್ಟಿಸಿದರು, ತಮ್ಮ ಹುಡುಗರು ಸರ್ಕಾರಿ ಪರೀಕ್ಷೆಗೆ ನಗರಕ್ಕೆ ಬಂದಾಗ ಉಳಿದುಕೊಂಡು ಓದಲಿ ಅಂತ. ಮಠಗಳ ಹಾಸ್ಟೆಲಿನಲ್ಲಿ ಉಂಡು ಓದಿದವರು ನಮ್ಮ ದಾವಣಗೆರೆಯಲ್ಲಿ ಮನೆಗೊಬ್ಬರು ಸಿಗುತ್ತಾರೆ, ಅಂಥವರಿಗೆ ಆ ಅಂಗಳದಲ್ಲಿ ನಿಂತರೆ ಮನಸ್ಸು ತುಂಬಿ ಬರುತ್ತದೆ. ತಲೆ ಎತ್ತಿ ಮಾಡಿನ ಅಂಚು ನೋಡಿ, ಬಣ್ಣದ ಪಿಂಗಾಣಿ ಗೊಂಬೆಗಳು ಸಾಲಾಗಿ ಒಂದು ನಾಟಕವನ್ನೇ ಆಡುತ್ತಿರುತ್ತವೆ. ಯಾವ ಗೊಂಬೆ ಯಾವ ಕಥೆಯದು ಅಂತ ಗೈಡ್ ಹತ್ತಿರ ಕೇಳಿ, ಅವಸರ ಮಾಡಬೇಡಿ.

ಮಧ್ಯಾಹ್ನ ಬೀಜಿಂಗ್ ರಸ್ತೆಗೆ ಬನ್ನಿ, ಅದು ಮೂರನೆಯದು. ಗಾಡಿ ಓಡಾಡದ ಪೇಟೆ ಬೀದಿ. ನಡುವೆ ಗಾಜು ಹಾಸಿದ್ದಾರೆ, ಕೆಳಗೆ ಬೇರೆ ಬೇರೆ ಕಾಲದ ರಸ್ತೆಗಳು ಒಂದರ ಮೇಲೊಂದು ಕಾಣುತ್ತವೆ, ಸಾವಿರ ವರ್ಷಕ್ಕೂ ಹಳೆಯ ಪದರ ಇದೆ. ಹತ್ತಿರದಲ್ಲೇ ದಾಫೋ ಬೌದ್ಧ ದೇವಾಲಯ, ಅಲ್ಲಿ ಸಸ್ಯಾಹಾರದ ಊಟ ಸಿಗುತ್ತದೆ. ಊಟ ಅಲ್ಲೇ ಆಗಲಿ, ಮೊಟ್ಟೆ ಹಾಕಿಲ್ಲ ತಾನೇ ಅಂತ ಮಾತ್ರ ಒಮ್ಮೆ ಕೇಳಿಕೊಳ್ಳಿ. ಮೇಲ್ನೋಟಕ್ಕೆ ಕೋಳಿ, ಮೀನಿನಂತೆ ಕಾಣುವ ಪದಾರ್ಥ ಬಂದರೆ ಗಾಬರಿಯಾಗಬೇಡಿ, ಅದು ಸೋಯಾ, ಅಣಬೆಯಲ್ಲಿ ಮಾಡಿದ್ದು. ಊರಿನ ಹೆಸರುವಾಸಿ ಗೋಪುರ ಕ್ಯಾಂಟನ್ ಟವರ್ 600 ಮೀಟರ್ ಎತ್ತರ ಇದೆ, ಕಾರಿನಿಂದಲೇ ಕಂಡರೆ ಸಾಕು, ಮೇಲೆ ಹತ್ತಲು ಸಾಲಿನಲ್ಲಿ ನಿಲ್ಲಬೇಡಿ.

ದುಡ್ಡಿನ ವಿಷಯದಲ್ಲಿ ಹುಷಾರು. ನಮ್ಮ ಫೋನ್‌ಪೇ, ಗೂಗಲ್ ಪೇ ಅಲ್ಲಿ ನಡೆಯುವುದಿಲ್ಲ. ಅಲ್ಲಿಯವರೆಲ್ಲ ಬಳಸುವ ಅಲಿಪೇ, ವೀಚಾಟ್ ಎರಡನ್ನೂ 2020ರಲ್ಲಿ ನಮ್ಮ ಸರ್ಕಾರ ನಿಷೇಧಿಸಿದೆ, ಹಾಗಾಗಿ ಇಲ್ಲಿಂದಲೇ ಸಿದ್ಧ ಮಾಡಿಕೊಂಡು ಹೋಗುವುದು ಕಷ್ಟ. ಟೂರಿನ ದುಡ್ಡಲ್ಲಿ ಊಟ, ಟಿಕೆಟ್, ಕಾರು ಎಲ್ಲ ಸೇರಿರಲಿ, ಕೈಖರ್ಚಿಗೆ ಚಿಲ್ಲರೆ ಯುವಾನ್ ನೋಟು ಇಟ್ಟುಕೊಳ್ಳಿ. ವಿಮಾನ ನಿಲ್ದಾಣದ ವೈಫೈನಲ್ಲಿ ವಾಟ್ಸಾಪ್ ಬರುವುದಿಲ್ಲ, ನಿಮ್ಮ ಸಿಮ್‌ಗೇ ರೋಮಿಂಗ್ ಹಾಕಿಸಿಕೊಂಡರೆ ಸಾಮಾನ್ಯವಾಗಿ ಬರುತ್ತದೆ. ಮಗಳಿಗೆ ಮೊದಲೇ ಹೇಳಿಡಿ, ಇಲ್ಲದಿದ್ದರೆ ಮೆಸೇಜಿಗೆ ಉತ್ತರ ಬರಲಿಲ್ಲ ಅಂತ ತುಂಬಿದ ಬಸುರಿ ಸುಮ್ನೆ ಗಾಬರಿಯಾಗುತ್ತಾಳೆ. ಪರ್ಸಿನಲ್ಲಿ ಟಿಶ್ಯೂ ಇರಲಿ, ಅಲ್ಲಿನ ಶೌಚಾಲಯಗಳಲ್ಲಿ ಎಷ್ಟೋ ಸಲ ಇರುವುದಿಲ್ಲ. ಕುಡಿಯಲು ಬಿಸಿನೀರು ಮಾತ್ರ ಎಲ್ಲೆಲ್ಲೂ ಸಿಗುತ್ತದೆ, ಫ್ಲಾಸ್ಕ್ ಒಯ್ಯಿರಿ.

ರಾತ್ರಿ ವಿಮಾನದಲ್ಲಿ ಇಬ್ಬರಿಗೂ ನಿದ್ದೆಯಾಗದೆ ಇಳಿದರೆ, ಅಥವಾ ಯಜಮಾನರ ಮಂಡಿ ನೋವು ಅಂದರೆ, ಮೂರನ್ನು ಎರಡು ಮಾಡಿ. ಗೈಡ್‌ಗೆ ಧೈರ್ಯವಾಗಿ ಹೇಳಿ, ದುಡ್ಡು ಕೊಟ್ಟಿರುವುದು ನೀವು.

ಪ್ರಶ್ನೆ: ನನಗೆ ಚೀನಾದ್ದೇ ಇನ್ನೊಂದು ಊರು ಚೆಂಗ್ಡುವಿನಲ್ಲಿ 9 ಗಂಟೆ ಸಿಗುತ್ತದೆ, ಮಧ್ಯಾಹ್ನ 2ಕ್ಕೆ ಇಳಿಯುವುದು. ಪಾಂಡಾ ನೋಡಬೇಕು. ಮೊಬೈಲಿನಲ್ಲೇ ಮ್ಯಾಪು, ಅನುವಾದ ಎಲ್ಲ ಇರುವಾಗ ಗೈಡ್ ಯಾಕೆ ಸರ್? ಖಾರಕ್ಕೆ ನಾನು ಹೆದರಲ್ಲ.
— ಒಬ್ಬ ಓದುಗ, ಚಿತ್ರದುರ್ಗ

ಉತ್ತರ: ನಿಮ್ಮ ಊರಿನ ಕೋಟೆಗೆ ಬೆಂಗಳೂರಿನವರು ಮ್ಯಾಪ್ ಹಿಡಿದುಕೊಂಡು ಬರುವುದನ್ನು ನೋಡಿರುತ್ತೀರಿ. ಓಬವ್ವನ ಕಿಂಡಿಯ ಮುಂದೆ ನಿಂತು ಫೋಟೊ ತೆಗೆದು ಹೋಗುತ್ತಾರೆ. ಗೈಡ್ ಜೊತೆ ಬಂದವರು ಆ ಕಿಂಡಿಯೊಳಗೆ ಒಬ್ಬರು ಬಗ್ಗಿ ತೂರುವುದನ್ನು ನೋಡಿ, ಓಬವ್ವ ಒನಕೆ ಹಿಡಿದು ಎಲ್ಲಿ ನಿಂತಿದ್ದಳು ಅಂತ ಕೇಳಿ ಹೋಗುತ್ತಾರೆ. ನಿಮ್ಮದೇ ಊರಲ್ಲಿ ಇಷ್ಟು ವ್ಯತ್ಯಾಸ ಇದ್ದರೆ ಭಾಷೆಯೇ ಬಾರದ ಊರಲ್ಲಿ ಎಷ್ಟಿರಬೇಡ?

ಪಾಂಡಾ ಈ ಸಲ ಬಿಡಿ. ಅವು ಚುರುಕಾಗಿರುವುದು ಬೆಳಿಗ್ಗೆ, ಬಿದಿರು ತಿನ್ನುವಾಗ. ನೀವು ಹೋಗಿ ತಲುಪುವಷ್ಟರಲ್ಲಿ ಬೆನ್ನು ತಿರುಗಿಸಿ ಮಲಗಿರುತ್ತವೆ. ಅಲ್ಲಿ ಎರಡು ವಿಮಾನ ನಿಲ್ದಾಣ ಇವೆ, ನಿಮ್ಮದು ತಿಯಾನ್‌ಫು ಆದರೆ ಊರಿಗೆ ಸುಮಾರು 50 ಕಿಲೋಮೀಟರ್. ಸಂಜೆ ಒಬ್ಬ ಗೈಡ್ ಜೊತೆ ತಿಂಡಿ ಬೀದಿ ಸುತ್ತಿ, ಅಷ್ಟೇ ಸಾಕು. ಖಾರದ ಬಗ್ಗೆ ಒಂದು ಮಾತು. ನಿಮ್ಮ ಮಿರ್ಚಿ ಬಜ್ಜಿಯ ಧೈರ್ಯ ಅಲ್ಲಿ ಅರ್ಧ ಮಾತ್ರ ಕೆಲಸಕ್ಕೆ ಬರುತ್ತದೆ. ಆ ಕಡೆಯ ಅಡುಗೆಗೆ ಹಾಕುವ ಸಿಚುವಾನ್ ಮೆಣಸು ಮೆಣಸಿನಕಾಯಿಯೂ ಅಲ್ಲ, ಕರಿಮೆಣಸೂ ಅಲ್ಲ. ನಮ್ಮ ಮಲೆನಾಡಿನ ಜುಮ್ಮನಕಾಯಿಯ ಬಳಗದ್ದು, ನಾಲಿಗೆ ಉರಿಯುವುದಿಲ್ಲ, ಮರಗಟ್ಟುತ್ತದೆ. ಮೊದಲ ತುತ್ತು ಚಿಕ್ಕದಾಗಿರಲಿ, ಮರಗಟ್ಟಿದರೆ ನೀರು ಕುಡಿಯಬೇಡಿ, ಬಿಳಿ ಅನ್ನ ತಿನ್ನಿ.