ಏಣಾಕ್ಷಿಯವರು ತೆರೆಯ ಮೇಲೆ ಮಾಡಿದ್ದೇನು?

ಪ್ರಿಯರೇ,

ಮೂಕಿ ಚಿತ್ರಗಳ ನಟಿ ಏಣಾಕ್ಷಿ ರಾಮರಾವ್ ಅವರ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ವಿಷಯದ ಆಯ್ಕೆ ಚೆನ್ನಾಗಿದೆ, ಭಾಷೆ ಶುದ್ಧವಾಗಿದೆ. ಆದರೆ ಈಗಿರುವಂತೆ ಪ್ರಕಟಿಸಲಾರೆ.

'ಶಿರಾಜ್' (1928) ಕುರಿತು ನೀವು ಬರೆದಿರುವುದು ಇಷ್ಟು: "ಆಕೆಯ ಕಣ್ಣುಗಳೇ ಸಾವಿರ ಮಾತನಾಡಿದವು. ಅಭಿನಯ ಮನೋಜ್ಞವಾಗಿತ್ತು. ಪ್ರೇಕ್ಷಕರು ಮಂತ್ರಮುಗ್ಧರಾದರು." ಮೊದಲ ವಾಕ್ಯವನ್ನು ಯಾವ ಮೂಕಿ ನಟಿಯ ಬಗ್ಗೆಯಾದರೂ, ಚಿತ್ರ ನೋಡದೆಯೂ, ಬರೆಯಬಹುದು. ಎರಡನೆಯದು ತೀರ್ಪು, ಅದಕ್ಕೆ ಸಾಕ್ಷಿಯಿಲ್ಲ. ಮೂರನೆಯದನ್ನು ನಿಮಗೆ ಯಾರು ಹೇಳಿದರು? ಫ್ರಾಂಜ್ ಆಸ್ಟೆನ್ ನಿರ್ದೇಶಿಸಿದ ಆ ಚಿತ್ರ ನಮ್ಮ ಪುಣ್ಯಕ್ಕೆ ಉಳಿದಿದೆ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು ಸಂಸ್ಕರಿಸಿ, ಅನೌಷ್ಕಾ ಶಂಕರ್ ಅವರ ಸಂಗೀತದೊಂದಿಗೆ 2017ರಲ್ಲಿ ಮತ್ತೆ ತೆರೆಗೆ ತಂದಿತು. ಕುಂಬಾರರ ಮನೆಯಲ್ಲಿ ಬೆಳೆದ ಸೆಲೀಮಾ ಗುಲಾಮಳಾಗಿ ಮಾರಾಟವಾಗಿ, ಮುಂದೆ ಷಹಜಹಾನ್ ಆಗುವ ರಾಜಕುಮಾರ ಖುರ್ರಮ್‌ನ ಅರಮನೆ ಸೇರಿ, ಮುಮ್ತಾಜ್ ಮಹಲ್ ಆಗುವ ತನಕ ಏಣಾಕ್ಷಿಯವರ ನಡಿಗೆ, ಕತ್ತಿನ ನಿಲುವು, ಕೈಗಳ ಚಲನೆ ಹೇಗೆ ಬದಲಾಗುತ್ತವೆ? ಸೀತಾದೇವಿಯವರು ನಟಿಸಿದ ಪ್ರತಿಸ್ಪರ್ಧಿ ದಾಲಿಯಾ ಎದುರಿಗಿದ್ದಾಗ ಅವರು ಹೇಗೆ ನಿಲ್ಲುತ್ತಾರೆ? ಸೆಲೀಮಾಳನ್ನು ಪ್ರೀತಿಸುವ ಶಿರಾಜ್‌ನ ತಲೆಯ ಮೇಲೆ ಆನೆ ಕಾಲಿಳಿಸುವ ದೃಶ್ಯವಂತೂ ನಿಮ್ಮ ಲೇಖನದಲ್ಲಿ ಸುಳಿಯುವುದೇ ಇಲ್ಲ.

ನಾನು ಪತ್ರಿಕೆಗೆ ಸೇರಿದ ಹೊಸದರಲ್ಲಿ ನಾಟಕದ ವಿಮರ್ಶೆ ಬರೆದುಕೊಟ್ಟರೆ, ನಮ್ಮ ಹಿರಿಯ ಉಪಸಂಪಾದಕರು ಇಂಥ ಪದಗಳ ಕೆಳಗೆಲ್ಲ ಕೆಂಪು ಗೆರೆಯೆಳೆದು, "ಆ ಹೊತ್ತಿಗೆ ನಟಿಯ ಕೈಯಲ್ಲಿ ಏನಿತ್ತು?" ಎಂದು ಕೇಳುತ್ತಿದ್ದರು; ಉತ್ತರ ಬಾರದಿದ್ದರೆ ಮರುದಿನದ ಆಟಕ್ಕೆ ತಾವೇ ಟಿಕೆಟ್ ಕೊಡಿಸಿ ಕಳಿಸುತ್ತಿದ್ದರು. ಕತ್ತಲಲ್ಲಿ ಮಂಡಿಯ ಮೇಲೆ ನೋಟ್‌ಬುಕ್ ಇಟ್ಟು ಗೀಚಿದ ಸಾಲುಗಳು ಒಂದರ ಮೇಲೊಂದು ಹತ್ತಿಕೊಂಡಿರುತ್ತಿದ್ದವು. ಆದರೂ ನೋಡುವುದನ್ನು ನಾನು ಕಲಿತದ್ದು ಅಲ್ಲೇ.

ಇನ್ನೊಂದು ಮಾತು. "ಮಿಂಚಿ ಮರೆಯಾದ ತಾರೆ, ಮದುವೆಯ ನಂತರ ಕತ್ತಲಲ್ಲಿ ಕರಗಿದರು" ಎಂದು ಮುಗಿಸಿದ್ದೀರಿ. ಇದು ನನ್ನನ್ನು ನಿಜಕ್ಕೂ ಕೆರಳಿಸಿತು. ಮೋಹನ್ ಭವನಾನಿಯವರ 'ವಸಂತಸೇನಾ' (1931) ಚಿತ್ರದಲ್ಲಿ ಕಮಲಾದೇವಿ ಚಟ್ಟೋಪಾಧ್ಯಾಯ ಮತ್ತು ನಮ್ಮ ಕೈಲಾಸಂ ಅವರೊಂದಿಗೆ ಏಣಾಕ್ಷಿಯವರೂ ನಟಿಸಿದರು. ಅದೇ ವರ್ಷ ಭಾರತದ ಮೊದಲ ವಾಕ್ಚಿತ್ರ 'ಆಲಂ ಆರಾ' ಬಂದು ಮೂಕಿ ಚಿತ್ರಗಳ ಕಾಲವೇ ಮುಗಿಯತೊಡಗಿತು. ಅವರು ಭವನಾನಿಯವರನ್ನು ಮದುವೆಯಾದರು, ನಿಜ. ಆದರೆ ಏಣಾಕ್ಷಿ ಭವನಾನಿ ಎಂಬ ಹೆಸರಿನಲ್ಲೇ 1965ರಲ್ಲಿ ಭಾರತದ ನೃತ್ಯಗಳ ಬಗ್ಗೆ ಇಂಗ್ಲಿಷಿನಲ್ಲಿ ದೊಡ್ಡ ಗ್ರಂಥವೊಂದನ್ನು ಪ್ರಕಟಿಸಿದರು, ಕರಕುಶಲ ಕಲೆಗಳ ಬಗ್ಗೆಯೂ ಬರೆದರು. ಕ್ಯಾಮೆರಾದ ಮುಂದೆ ಮಾತಿಲ್ಲದೆ ಮೈಯಿಂದಲೇ ಕಥೆ ಹೇಳಿದವರು ಮುಂದೆ ಕುಣಿಯುವ ಮೈಗಳ ಬಗ್ಗೆ ಬರೆಯುತ್ತಾರೆಂದರೆ ನಿಮ್ಮ ಲೇಖನದ ಜೀವ ಇರಬೇಕಾದದ್ದು ಅಲ್ಲಿ. ಅದನ್ನು ಬಿಟ್ಟು, ಕೆಲಸ ಮಾಡುತ್ತಿದ್ದ ಹೆಂಗಸನ್ನು ಕತ್ತಲಿಗೆ ನೂಕಿದ್ದೀರಿ.

ಕೊನೆಯ ಎರಡು ಪುಟ ತೆಗೆದುಹಾಕಿ. ಚಿತ್ರವನ್ನು ಮತ್ತೆ ನೋಡಿ, ಆ ಗ್ರಂಥವನ್ನು ಗ್ರಂಥಾಲಯದಲ್ಲಿ ಹುಡುಕಿ ಓದಿ, ಹೊಸದಾಗಿ ಬರೆದು ನನ್ನ ಹೆಸರಿಗೇ ಕಳಿಸಿ. ತಡವಾದರೂ ಪರವಾಗಿಲ್ಲ, ಜಾಗ ಇಟ್ಟಿರುತ್ತೇನೆ.

ಇತಿ,
ಸಂಪಾದಕ